ಹಳೇ ರೀಲು ಅಂಟಿಸುವ ಕ್ರಮ

ಇಲವಾಲದ ಮೇಲೆ ಅರ್ಧ ಗಂಟೆಯ ಸಾಕ್ಷ್ಯಚಿತ್ರ ಒಪ್ಪಿಕೊಂಡಿದ್ದೀರಿ, ಅಡ್ವಾನ್ಸೂ ಖರ್ಚಾಗಿದೆ. ಗಾಬರಿಯಾಗಬೇಡಿ. 1957ರ ಸೆಪ್ಟೆಂಬರ್ 21, 22ರಂದು ಹುಣಸೂರು ರಸ್ತೆಯ ಈ ಊರಲ್ಲಿ ಗ್ರಾಮದಾನ ಪರಿಷತ್ತು ನಡೆಯಿತು. ವಿನೋಬಾ ಭಾವೆಯವರ ಮಾತು ಕೇಳಲು ರಾಜೇಂದ್ರ ಪ್ರಸಾದ್, ನೆಹರೂ, ಜಯಪ್ರಕಾಶ ನಾರಾಯಣ, ಕಮ್ಯುನಿಸ್ಟರ ನಂಬೂದಿರಿಪಾಡ್ ಎಲ್ಲರೂ ಬಂದಿದ್ದರು. ಓದುವುದನ್ನು ಇಲ್ಲಿಗೆ ನಿಲ್ಲಿಸಿ. ಮುಂದೆ ಓದಿದರೆ ಅಸಲಿ ದೃಶ್ಯ ಹುಡುಕಬೇಕೆನಿಸುತ್ತದೆ.

ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ಕಾಗದ ಬರೆಯಬೇಡಿ; ಉತ್ತರ ಬಂದುಬಿಟ್ಟರೆ ಕಷ್ಟ. 1948ರಲ್ಲಿ ಹುಟ್ಟಿದ ಫಿಲ್ಮ್ಸ್ ಡಿವಿಷನ್ ವಾರವಾರವೂ ವಾರ್ತಾಚಿತ್ರ ತೆಗೆಯುತ್ತಿತ್ತು. ಅದು ಮುಗಿಯುವ ತನಕ ನಿಮ್ಮಜ್ಜ ಟಾಕೀಸಿನ ಹೊರಗೆ ಬೀಡಿ ಸೇದುತ್ತಿದ್ದರು. ನೀವೂ ಅಷ್ಟೇ ಗೌರವ ಕೊಡಿ. ಯೂಟ್ಯೂಬಿನಲ್ಲಿ ‘ನೆಹರೂ ಹಳೇ ವಿಡಿಯೊ’ ಎಂದು ಹೊಡೆದು, ಮೊದಲು ಸಿಕ್ಕಿದ್ದನ್ನು ಇಳಿಸಿಕೊಳ್ಳಿ. ಕಪ್ಪುಬಿಳುಪಾಗಿದ್ದರೆ ಸಾಕು. ಹಿಂದೆ ಹಿಮದ ಬೆಟ್ಟ ಕಂಡರೆ ಕ್ರಾಪ್ ಮಾಡಿ. ಮೂಲೆಯಲ್ಲಿ ಯಾರದಾದರೂ ಲೋಗೊ ಇದ್ದರೆ ನಿಮ್ಮದನ್ನು ಅದರ ಮೇಲೆ ಕೂರಿಸಿ.

ಆಗಿನ ಚೌಕಟ್ಟು ಹೆಚ್ಚುಕಡಿಮೆ ನಾಲ್ಕಕ್ಕೆ ಮೂರು, ಈಗಿನ ಟೀವಿ ಹದಿನಾರಕ್ಕೆ ಒಂಬತ್ತು. ಪಕ್ಕದಲ್ಲಿ ಕಪ್ಪು ಪಟ್ಟಿ ಬಿಡುವುದು ಪುಕ್ಕಲರ ಕೆಲಸ. ಎಳೆಯಿರಿ. ದೇಶವನ್ನೆಲ್ಲ ನಡೆದು ನಡೆದು ಒಣಗಿದ್ದ ವಿನೋಬಾ ಎರಡೇ ಕ್ಲಿಕ್ಕಿಗೆ ಮೈಕೈ ತುಂಬಿಕೊಳ್ಳುತ್ತಾರೆ. ಮೇಲೆ ಧೂಳು, ಗೀರಿನ ಎಫೆಕ್ಟ್ ಉದುರಿಸಿ. ಅಸಲಿ ಗೀರನ್ನು ಯಾರೂ ನಂಬುವುದಿಲ್ಲ. ಕೊಳಲು ಕಡ್ಡಾಯ. ‘ಕರ್ನಾಟಕ, 1957’ ಎಂದು ಬರೆಯಿರಿ. ರಾಜ್ಯಕ್ಕೆ ಆ ಹೆಸರು ಬಂದದ್ದು 1973ರಲ್ಲಿ ಎಂದು ತಕರಾರು ತೆಗೆಯುವಾತ ಆ ಹೊತ್ತಿಗೆ ಧಾರಾವಾಹಿಗೆ ಹೋಗಿರುತ್ತಾನೆ. ಮಿಕ್ಕ ಪಾಪಗಳಿಗೆಲ್ಲ ‘ಸಾಂದರ್ಭಿಕ ಚಿತ್ರ’ ಎಂಬ ಪದ ಇದೆ. ಇರುವೆ ಗಾತ್ರದಲ್ಲಿ, ಎರಡು ಸೆಕೆಂಡು ತೋರಿಸಿ.

ಯಾರಾದರೂ ಅಟ್ಟದಿಂದ ತುಕ್ಕು ಹಿಡಿದ ಡಬ್ಬಿ ತಂದುಕೊಟ್ಟಾರು. ಮುಚ್ಚಳ ತೆಗೆಯಿರಿ. ವಿನೆಗರ್ ವಾಸನೆ ಗಪ್ಪೆಂದು ಮೂಗಿಗೆ ಹೊಡೆದರೆ ಒಳಗಿನ ಅಸಿಟೇಟ್ ಫಿಲ್ಮು ಕೊಳೆಯತೊಡಗಿದೆ ಎಂದರ್ಥ. ತಂಪಾದ, ಒಣಗಿದ ಜಾಗದಲ್ಲಿಟ್ಟು ಬೇಗ ಸ್ಕ್ಯಾನ್ ಮಾಡಿಸಿದರೆ ಇನ್ನೂ ಉಳಿದೀತು. ಆದ್ದರಿಂದ ಕಾರಿನ ಡಿಕ್ಕಿಯಲ್ಲಿ ಹಾಕಿ. ಏಪ್ರಿಲ್ ಆದರೆ ಉತ್ತಮ.

ಊರಿನ ಹಿರಿಯರೊಬ್ಬರು ಬೇಕೇ ಬೇಕು. ಜಗಲಿಯ ಮೇಲೆ ಕೂರಿಸಿ. ನಿಮ್ಮ ದೃಶ್ಯವನ್ನು ಮಾತ್ರ ಅವರಿಗೆ ತೋರಿಸಬೇಡಿ. ತೋರಿಸಿದರೆ ಕನ್ನಡಕ ಏರಿಸಿ, ಲ್ಯಾಪ್‌ಟಾಪಿಗೆ ಮೂಗು ತಾಗುವಷ್ಟು ಬಗ್ಗಿ, “ಇದು ನಮ್ಮೂರಲ್ಲ ಕಣಪ್ಪಾ, ಆವತ್ತು ನಾನು ಮರದ ಮೇಲಿದ್ದೆ” ಅಂತ ಶುರುಮಾಡುತ್ತಾರೆ. ಯಾವ ಮರ, ಯಾರು ಹತ್ತಿಸಿದರು, ಇಳಿದ ಮೇಲೆ ಅಪ್ಪ ಎಷ್ಟು ಬಾರಿಸಿದರು ಎಂದು ನಲವತ್ತು ನಿಮಿಷ ಹೇಳುತ್ತಾರೆ. ಅಡ್ಡ ಬಾಯಿ ಹಾಕಬೇಡಿ, ತಲೆಯಾಡಿಸಿ. ಅವರು ತಲೆಯಾಡಿಸಿದ ಆರು ಸೆಕೆಂಡು ಕತ್ತರಿಸಿ ನಿರೂಪಣೆಯ ಕೆಳಗೆ ಹಾಕಿಕೊಳ್ಳಿ.

ಮಿಕ್ಕದ್ದಿರುವ ಹಾರ್ಡ್ ಡಿಸ್ಕನ್ನು ರಾತ್ರಿಯೇ ಫಾರ್ಮ್ಯಾಟ್ ಮಾಡಿ. ಬೆಳಿಗ್ಗೆ ಹುಣಸೂರಲ್ಲಿ ಬೀಗರೂಟದ ಶೂಟಿಂಗ್ ಇದೆ.