ಆಟಿ ತಿಂಗಳ ಶೂಟಿಂಗ್

(ಬೆಳ್ತಂಗಡಿ ಕಡೆಯ ಒಂದು ಜಗಲಿ, ಜಡಿಮಳೆ. ಬೆಂಗಳೂರಿನಿಂದ ಬಂದ ಸಾಕ್ಷ್ಯಚಿತ್ರ ನಿರ್ದೇಶಕರು, ದೈವ ಕಟ್ಟುವ ಅಜ್ಜ. ಡ್ರೋನ್ ಇನ್ನೂ ಪೆಟ್ಟಿಗೆಯಲ್ಲೇ ಇದೆ, ಬುದ್ಧಿವಂತ ಡ್ರೋನ್.)

ನಿರ್ದೇಶಕ: ಅಜ್ಜಾ, ನಾಳೆ ಒಂದು ಕೋಲ ಬೇಕಿತ್ತು.

ಅಜ್ಜ: ಈಗ ಆಟಿ ಅಲ್ವಾ ಮಾರಾಯ್ರೆ! ಪತ್ತನಾಜೆಗೇ ಕೋಲ ಮುಗಿಸಿ ಕಾಲಿನ ಗಗ್ಗರ ಒಳಗಿಟ್ಟಾಯ್ತು. ಇನ್ನು ದೀಪಾವಳಿ ಕಳೀಬೇಕು.

ನಿರ್ದೇಶಕ: ಪ್ರೊಡ್ಯೂಸರ್ ಶುಕ್ರವಾರದವರೆಗೆ ಮಾತ್ರ ದುಡ್ಡು ಕೊಟ್ಟಿರೋದು.

ಅಜ್ಜ: ಹಾಗಾದ್ರೆ ಅವರನ್ನೇ ಕುಣಿಸಿ.

ನಿರ್ದೇಶಕ: ಹೋಗಲಿ, ಸಿನಿಮಾದಲ್ಲಿತ್ತಲ್ಲ, ಆ ಕೂಗು ಒಂದು ಕೊಡಿ.

ಅಜ್ಜ: 2022ರಲ್ಲಿ ‘ಕಾಂತಾರ’ ಬಂದದ್ದೇ ಬಂದದ್ದು, ಎಲ್ಲರಿಗೂ ಕೂಗೇ ಬೇಕು. ದೈವದ ಕತೆ ಹಾಡುವ ಪಾಡ್ದನ ಕೇಳುವವರಿಲ್ಲ.

ನಿರ್ದೇಶಕ: ಪಾಡ್ದನ ತೊಂಬತ್ತು ಸೆಕೆಂಡಲ್ಲಿ ಮುಗಿಯುತ್ತಾ?

ಅಜ್ಜ: ಅಷ್ಟರಲ್ಲಿ ದೈವ ಹುಟ್ಟುವುದೂ ಇಲ್ಲ.

ನಿರ್ದೇಶಕ: ಸರಿ, ಬೈಟ್ ಕೊಡಿ. ಕೋಲದ ರಾತ್ರಿ ಏನನ್ನಿಸುತ್ತೆ?

ಅಜ್ಜ: ರಾತ್ರಿ ಗುತ್ತಿನ ಮನೆಯ ಯಜಮಾನರು ಕೈ ಮುಗೀತಾರೆ. ಬೆಳಿಗ್ಗೆ ಬಣ್ಣ ತೊಳೆದ ಮೇಲೆ ನಾನು ಅಂಗಳದಲ್ಲೇ, ಅವರು ಚಾವಡಿಯಲ್ಲೇ. ದೈವ ಕಟ್ಟುವವರಲ್ಲಿ ಅರವತ್ತು ದಾಟಿದವರಿಗೆ ತಿಂಗಳಿಗೆ 2,000 ರೂಪಾಯಿ ಅಂತ ಸರ್ಕಾರ ಹೇಳಿದ್ದು ಕೂಡ ಆ ಸಿನಿಮಾ ಓಡಿದ ಮೇಲೆ. ಇದನ್ನು ಹಾಕಿ.

ನಿರ್ದೇಶಕ: ಅದು ವಿವಾದ ಆಗುತ್ತೆ ಅಜ್ಜಾ. ನೀವು ಬೆಂಕಿ ಎದುರು ನಿಧಾನವಾಗಿ ತಿರುಗಿ ನೋಡಿದ್ರೆ ಸಾಕು.

ಅಜ್ಜ: ಈ ಮಳೆಗೆ ಬೆಂಕಿ?

ನಿರ್ದೇಶಕ: ಗ್ರಾಫಿಕ್ಸಲ್ಲಿ ಹಾಕ್ತೀವಿ.

ಅಜ್ಜ: ದೈವವನ್ನೂ ಅದರಲ್ಲೇ ಹಾಕಿಬಿಡಿ.

(ಕ್ಯಾಮೆರಾ ಆಫ್. ನಿರ್ದೇಶಕರು ಹತ್ತಿರ ಸರಿಯುತ್ತಾರೆ.)

ನಿರ್ದೇಶಕ: ಅಜ್ಜಾ... ನನಗೆ ಇದರಲ್ಲೆಲ್ಲ ನಂಬಿಕೆ ಇಲ್ಲ. ಆದ್ರೂ ನಮ್ಮ ಫ್ಲಾಟಿನ ಖಾತಾ ಒಂದು ನಿಂತುಹೋಗಿದೆ. ಹರಕೆ ಹೇಳ್ಕೊಂಡ್ರೆ ಆಗುತ್ತಾ?

ಅಜ್ಜ: ಹೇಳ್ಕೊಳ್ಳಿ. ಎಷ್ಟು ಸೆಕೆಂಡಲ್ಲಿ ಆಗ್ಬೇಕು?