ಬೆನ್ನು ತೋರಿಸುವ ಯಾತ್ರಿಕರು

ಮೂಗೂರಿನ ತ್ರಿಪುರಸುಂದರಿ ಅಮ್ಮನವರ ಜಾತ್ರೆಯು ಸಮೀಪಿಸಿ, ಬಂಡಿ ಉತ್ಸವದ ಮಾತು ಊರಿನ ಜಗಲಿ ಜಗಲಿಯಲ್ಲಿಯೂ ಏಳುತ್ತಿದ್ದ ಒಂದು ಸಾಯಂಕಾಲ, ನಿವೃತ್ತ ಕನ್ನಡ ಪಂಡಿತರಾದ ಮೇಷ್ಟ್ರು, ಮಗನು ಬೆಂಗಳೂರಿನಿಂದ ತಂದುಕೊಟ್ಟಿದ್ದ ಮೊಬೈಲನ್ನು ತಾಳೆಯೋಲೆಯ ಗ್ರಂಥವನ್ನು ಹಿಡಿಯುವಷ್ಟೇ ಗಾಂಭೀರ್ಯದಿಂದ ಕಣ್ಣಿಗೆ ದೂರವಾಗಿ ಹಿಡಿದು, ದೇಶಾಂತರದ ಯಾವನೋ ಒಬ್ಬನು ಬಿಸಿನೀರಿನ ಬುಗ್ಗೆಯಲ್ಲಿ ಮೊಟ್ಟೆ ಬೇಯಿಸುವ ದೃಶ್ಯವನ್ನು ನೋಡುತ್ತಿದ್ದರು. ಅವರ ಧರ್ಮಪತ್ನಿ ಗೌರಮ್ಮನವರು ಪಕ್ಕದಲ್ಲಿ ಅವರೆಕಾಯಿ ಸುಲಿಯುತ್ತಿದ್ದರು. ಆ ಹೊತ್ತಿಗೆ ಬಸ್ ನಿಲ್ದಾಣದ ಬಳಿ ಹೋಟೆಲು ಇಟ್ಟಿರುವ ಪುಟ್ಟಸ್ವಾಮಿಯು ತನ್ನ ಅಕ್ಕನ ಮಗ ಮಂಜುವನ್ನು ಮುಂದಿಟ್ಟುಕೊಂಡು ಬಂದನು. ಮಂಜುವಿನ ಕೈಯಲ್ಲಿ ಒಂದು ಕೋಲಿತ್ತು. ಕೋಲಿನ ತುದಿಯಲ್ಲಿ ಒಂದು ಮೊಬೈಲಿತ್ತು. ಮೊಬೈಲಿನ ತುಂಬ ಮಂಜುವಿನ ಮುಖವಿತ್ತು.

ಪುಟ್ಟಸ್ವಾಮಿ: ನಮಸ್ಕಾರ ಮೇಷ್ಟ್ರೇ. ಇವನು ನಮ್ಮ ಅಕ್ಕನ ಮಗ, ನಿಮ್ಮ ಹಳೇ ಶಿಷ್ಯ. ಡಿಗ್ರಿ ಮುಗಿಸಿ, ಊರೂರು ಸುತ್ತಿ ವಿಡಿಯೊ ಮಾಡ್ತೀನಿ ಅಂತ ಹೊರಟವ್ನೆ. ಇವನ ತಾತ ಕೋಲು ಹಿಡಿದು ದನ ಕಾಯ್ದ. ಇವನು ಕೋಲು ಹಿಡಿದು ತನ್ನ ಮುಖ ಕಾಯ್ತಾವ್ನೆ.

ಮಂಜು: ಜಾತ್ರೆಯ ಮೇಲೆ ಒಂದು ವ್ಲಾಗ್ ಮಾಡ್ತಿದ್ದೀನಿ ಸಾರ್. ಊರಿನ ಇತಿಹಾಸದ ಬಗ್ಗೆ ನೀವು ಎರಡು ಮಾತು ಹೇಳಬೇಕು. ಎರಡೇ ಸಾರ್. ಜಾಸ್ತಿ ಆದರೆ ಜನ ಮುಂದಕ್ಕೆ ಓಡಿಸಿಬಿಡ್ತಾರೆ.

ಮೇಷ್ಟ್ರು: ನಾನು ಪಾಠ ಹೇಳುತ್ತಿದ್ದ ಕಾಲದಲ್ಲಿ ಹುಡುಗರಿಗೆ ಈ ಮುಂದಕ್ಕೆ ಓಡಿಸುವ ಸೌಕರ್ಯ ದೊರಕದೆ ಇದ್ದದ್ದು ನನ್ನ ಪೂರ್ವಪುಣ್ಯ. ಆಗಲಿ, ಕುಳಿತುಕೊ. ಇತಿಹಾಸಕ್ಕಿಂತ ಮೊದಲು ನಿನ್ನನ್ನು ಒಂದು ಪ್ರಶ್ನೆ ಕೇಳಬೇಕಾಗಿದೆ. ನಾನೂ ಈಚೆಗೆ ಈ ಯಂತ್ರದ ಮೂಲಕ ಪ್ರಪಂಚ ಪರ್ಯಟನ ಮಾಡುತ್ತಿದ್ದೇನೆ. ಹಿಮಾಲಯವನ್ನು ಕಂಡೆ, ಮರುಭೂಮಿಯನ್ನು ಕಂಡೆ, ಸಮುದ್ರದ ತಳವನ್ನೂ ಕಂಡೆ. ಆದರೆ ಎಲ್ಲಿ ನೋಡಿದರೂ ಯಾತ್ರಿಕನೆಂಬುವನು, ಯಾವುದನ್ನು ನೋಡುವುದಕ್ಕಾಗಿ ಸಾವಿರಾರು ಮೈಲಿ ನಡೆದು, ಹಾರಿ, ಈಜಿ ಬಂದನೋ, ಆ ವಸ್ತುವಿಗೇ ಬೆನ್ನು ಹಾಕಿ, ನನ್ನ ಕಡೆಗೆ ಮುಖ ಮಾಡಿ ನಿಂತಿರುತ್ತಾನೆ. ಅಮ್ಮನವರ ದರ್ಶನ ಮಾಡಿ ಹೊರಡುವಾಗ ನಾವು ಬೆನ್ನು ತೋರಿಸಬಾರದೆಂದು ನಾಲ್ಕು ಹೆಜ್ಜೆ ಹಿಂದಕ್ಕೆ ಹಿಂದಕ್ಕೆ ನಡೆಯುತ್ತೇವಲ್ಲವೆ? ಹಿಮಾಲಯಕ್ಕೆ ಅಷ್ಟು ಮರ್ಯಾದೆಯೂ ಬೇಡವೆ?

ಮಂಜು: ಮುಖ ಕಾಣದೆ ಇದ್ದರೆ ನಾನೇ ಹೋಗಿದ್ದೆ ಅಂತ ಯಾರು ನಂಬ್ತಾರೆ ಸಾರ್?

ಪುಟ್ಟಸ್ವಾಮಿ: ಮುಖ ಕಂಡರೂ ನಂಬಲ್ಲ ಕಣಲೇ. ಈಗ ಅದನ್ನೂ ಕಂಪ್ಯೂಟರಲ್ಲೇ ಮಾಡ್ತಾರಂತೆ.

ಮೇಷ್ಟ್ರು: ಈ ದೋಷವು ಇವನದೇ ಎಂದು ನಾನು ಹೇಳಲಾರೆ, ಅದು ಮೂಲದಿಂದಲೇ ಹರಿದು ಬಂದದ್ದು. ಯೂಟ್ಯೂಬೆಂಬ ಈ ಭಂಡಾರಕ್ಕೆ ಮೊಟ್ಟಮೊದಲು ಸೇರಿದ ವಿಡಿಯೊ ಯಾವುದೆಂದು ಬಲ್ಲೆಯಾ? 2005ನೆಯ ಇಸವಿ ಏಪ್ರಿಲ್ 23ರಂದು, ಆ ಸಂಸ್ಥೆಯ ಸ್ಥಾಪಕರಲ್ಲಿ ಒಬ್ಬನಾದ ಜಾವೇದ್ ಕರೀಮ್ ಎಂಬಾತನು ಏರಿಸಿದ್ದು ಅದು. ಅಮೆರಿಕದ ಸ್ಯಾನ್ ಡಿಯೇಗೊ ಮೃಗಾಲಯದಲ್ಲಿ ಆನೆಗಳ ಮುಂದೆ ನಿಂತು, ಆನೆಗಳಿಗೆ ಬೆನ್ನು ತಿರುಗಿಸಿ, ಇವುಗಳ ಸೊಂಡಿಲು ಬಲು ಉದ್ದವಾಗಿದೆಯೆಂದೂ, ಇದಕ್ಕಿಂತ ಹೆಚ್ಚು ಹೇಳತಕ್ಕದ್ದು ಏನೂ ಇಲ್ಲವೆಂದೂ ಅವನು ಪ್ರಪಂಚಕ್ಕೆ ಸಾರಿದನು. ಒಟ್ಟು 19 ಸೆಕೆಂಡು.

ಪುಟ್ಟಸ್ವಾಮಿ: ಆನೆಗೆ ಸೊಂಡಿಲು ಉದ್ದ ಅಂತ ಹೇಳೋದಕ್ಕೆ ಅಮೆರಿಕದವರೇ ಬೇಕಾ ಸಾಮಿ? ದಸರಾದಲ್ಲಿ ಒಂದು ಬಾಳೆಹಣ್ಣು ಕೈಯಲ್ಲಿ ಹಿಡಿದು ನಿಂತಿದ್ದರೆ ಆನೆಯೇ ಹೇಳಿಕೊಡ್ತದೆ.

ಮಂಜು: ಆ ವಿಡಿಯೊವನ್ನು ಕೋಟಿಗಟ್ಟಲೆ ಸಾರಿ ನೋಡಿದ್ದಾರೆ ಮಾವ.

ಪುಟ್ಟಸ್ವಾಮಿ: ಕೋಟಿಗಟ್ಟಲೆಯಾ! ಹಂಗಿದ್ದರೆ ನಾಳೆಯಿಂದ ನಮ್ಮ ಹೋಟೆಲಿನಲ್ಲಿ ದೋಸೆ ದುಂಡಗದೆ ಅಂತ ನಾನೂ ಒಂದು ಬಿಡ್ತೀನಿ.

ಗೌರಮ್ಮ: ಇವರ ಮಾತು ಕಟ್ಟಿಕೊಂಡು ನೀನು ಮುಖ ಮರೆಸಬೇಡ ಮಗು. ಡಾಕ್ಟರ್ ಬ್ರೋ ಅಂತ ಒಬ್ಬ ಹುಡುಗ ಇದ್ದಾನಲ್ಲ, ನಮಸ್ಕಾರ ದೇವ್ರು ಅನ್ನುತ್ತಾ ಬರುತ್ತಾನಲ್ಲ, ನಾನು ಅವನದು ಒಂದನ್ನೂ ಬಿಡುವುದಿಲ್ಲ.

ಪುಟ್ಟಸ್ವಾಮಿ: ಡಾಕ್ಟರಾ? ಸೂಜಿ ಗೀಜಿ ಹಾಕ್ತಾನಾ ಅಮ್ಮಾವ್ರೆ?

ಗೌರಮ್ಮ: ಸೂಜಿಯೂ ಇಲ್ಲ, ಮಾತ್ರೆಯೂ ಇಲ್ಲ; ಹೆಸರು ಹಾಗೆ. ಅಫಘಾನಿಸ್ತಾನಕ್ಕೆ ಹೋದರೂ ಕನ್ನಡ, ಆಫ್ರಿಕಕ್ಕೆ ಹೋದರೂ ಕನ್ನಡ. ಬಂದೂಕು ಹಿಡಿದವರ ನಡುವೆ ಆ ಹುಡುಗ ನಿಂತಿದ್ದಾಗ ನಾನು ಅಮ್ಮನವರಿಗೆ ಹರಕೆ ಹೊತ್ತೆ. ದೇಶ ಹೇಗಿದೆ ಎಂದು ನೋಡುವುದಕ್ಕೆ ಇವರಿದ್ದಾರೆ. ನಾನು ನೋಡುವುದು ಹುಡುಗ ಹೊತ್ತಿಗೆ ಸರಿಯಾಗಿ ಉಂಡನೋ ಇಲ್ಲವೋ, ಚಳಿಯಲ್ಲಿ ಸ್ವೆಟರ್ ಹಾಕಿಕೊಂಡನೋ ಇಲ್ಲವೋ ಎಂದು. ಮುಖ ತೋರಿಸದೆ ಇದ್ದರೆ ಸೊರಗಿದ್ದು ನಮಗೆ ಹೇಗೆ ತಿಳಿಯಬೇಕು?

ಮಂಜು: ಕೇಳಿದಿರಾ ಸಾರ್?

ಮೇಷ್ಟ್ರು: ಕೇಳಿದೆ. ಪ್ರವಾಸ ಸಾಹಿತ್ಯದ ಪರಮೋದ್ದೇಶವು ಪ್ರವಾಸಿಯ ಊಟದ ವಿಚಾರಣೆಯೆಂಬ ಈ ನೂತನ ಸಿದ್ಧಾಂತವನ್ನು ಯಾವ ಮೀಮಾಂಸಕನೂ ಇದುವರೆಗೆ ಮಂಡಿಸಿರಲಿಲ್ಲ. ಆದರೆ ಮುಖವೇ ಇಲ್ಲದ ಯಾತ್ರೆಯೂ ಉಂಟು ಮಗು. ನಾರ್ವೆ ದೇಶದ ಸರ್ಕಾರಿ ದೂರದರ್ಶನವು, ಬರ್ಗೆನ್ ಎಂಬ ಪಟ್ಟಣದಿಂದ ರಾಜಧಾನಿ ಓಸ್ಲೋವಿಗೆ ಹೋಗುವ ರೈಲುಮಾರ್ಗಕ್ಕೆ ನೂರು ವರ್ಷ ತುಂಬಿದ ನೆವದಿಂದ, 2009ರ ನವೆಂಬರಿನಲ್ಲಿ ಗಾಡಿಯ ಮುಂಭಾಗಕ್ಕೇ ಕ್ಯಾಮೆರಾವನ್ನು ಕಟ್ಟಿ, ಇಡೀ ಪ್ರಯಾಣವನ್ನು ಏಳು ಗಂಟೆಗಳಿಗೂ ಮೀರಿ, ಒಂದು ನಿಮಿಷವನ್ನೂ ಕತ್ತರಿಸದೆ ತೋರಿಸಿತು. ಹಿಮ, ಸರೋವರ, ಸುರಂಗ, ಮತ್ತೆ ಹಿಮ. ಸುಮಾರು ಐವತ್ತು ಲಕ್ಷ ಜನರಿರುವ ಆ ದೇಶದಲ್ಲಿ ಹತ್ತು ಲಕ್ಷಕ್ಕೂ ಮಿಕ್ಕವರು ಅದರ ಯಾವುದಾದರೊಂದು ಭಾಗವನ್ನು ನೋಡಿದರಂತೆ. ಎರಡು ವರ್ಷಗಳ ಅನಂತರ ಹಡಗೊಂದರ ಯಾನವನ್ನು 134 ಗಂಟೆಗಳ ಕಾಲ ತೋರಿಸಿದರು. ಯಾರೂ ಬೆನ್ನು ಹಾಕಲಿಲ್ಲ. ಯಾರೂ ಸೊಂಡಿಲಿನ ವಿಷಯವನ್ನು ಎತ್ತಲಿಲ್ಲ.

ಗೌರಮ್ಮ: ಅದರ ಕಥೆ ನಾನು ಹೇಳುತ್ತೇನೆ ಪುಟ್ಟಸ್ವಾಮಿ. ಆ ರೈಲನ್ನು ಇವರು ನಮ್ಮ ಟಿವಿಗೆ ಹಾಕಿ ಬೆಳಗಿನಿಂದ ಕುಳಿತರು. ನನ್ನ ಧಾರಾವಾಹಿಯೂ ಹೋಯಿತು, ಇವರ ಸ್ನಾನವೂ ಹೋಯಿತು. ಕಾಫಿ ಕೊಡಲು ಹೋದರೆ, ಗಾಡಿ ನಿಂತ ಮೇಲೆ ಕೊಡು, ಚೆಲ್ಲೀತು ಎಂದರು. ಓಸ್ಲೋ ಬಂದಾಗ ಎದ್ದು ಚಪ್ಪಲಿ ಹುಡುಕಿದರು! ನಂಜನಗೂಡಿನಲ್ಲಿ ನಮ್ಮ ತಮ್ಮನ ಮನೆಯ ಗೃಹಪ್ರವೇಶಕ್ಕೆ ಹೋಗೋಣವೆಂದರೆ ಮಾತ್ರ ಸೊಂಟನೋವು.

ಮೇಷ್ಟ್ರು: ನಂಜನಗೂಡಿನ ಮಾತು ಬಂದದ್ದು ಒಳ್ಳೆಯದಾಯಿತು. ಮೈಸೂರಿನಿಂದ ಅಲ್ಲಿಗೆ ರೈಲು ಬಂದದ್ದು 1891ರಲ್ಲಿ. ನಾರ್ವೆಯವರ ಆ ಮಾರ್ಗಕ್ಕಿಂತ ನಮ್ಮದು ಹಿರಿದು. ಅದರ ಮುಂಭಾಗದಲ್ಲಿ ಒಂದು ಕ್ಯಾಮೆರಾ ಕಟ್ಟಿದರೆ ಒಂದು ಗಂಟೆಯೊಳಗೆ ಕಬ್ಬು, ಬಾಳೆ, ಕಪಿಲಾ ನದಿ, ಶ್ರೀಕಂಠೇಶ್ವರನ ಗೋಪುರ, ಎಲ್ಲವೂ ಸಾಲಾಗಿ ಬಂದು ಹೋಗುತ್ತವೆ.

ಪುಟ್ಟಸ್ವಾಮಿ: ಬಂದು ಹೋಗೋದು ಸರಿ ಸಾಮಿ. ಕಟ್ಟಿದ ಕ್ಯಾಮೆರಾ ವಾಪಸು ಬರಬೇಕಲ್ಲ?

ಮಂಜು: ಅದೆಲ್ಲ ಬೋರು ಸಾರ್. ಈ ಕಾಲಕ್ಕೆ ಏನಾದರೂ ತಮಾಷೆ ಬೇಕು. ಮ್ಯಾಟ್ ಹಾರ್ಡಿಂಗ್ ಅಂತ ಒಬ್ಬ ಅಮೆರಿಕದವನು ಊರೂರಿಗೆ ಹೋಗಿ ಒಂದೇ ಥರ ಕುಣಿದ. 2008ರ ವಿಡಿಯೊದಲ್ಲಿ 42 ದೇಶ ಸಾರ್! ಖರ್ಚೆಲ್ಲ ಚೂಯಿಂಗ್ ಗಮ್ ಕಂಪನಿಯದು.

ಪುಟ್ಟಸ್ವಾಮಿ: ಬಾಯಿ ಆಡಿಸೋ ಕಂಪನಿಯವರು ಕಾಲು ಆಡಿಸೋದಕ್ಕೆ ದುಡ್ಡು ಕೊಟ್ಟರಾ? ಎಲ್ಲಿ, ತೋರಿಸು... ಅಯ್ಯೋ, ಇದೂ ಒಂದು ಕುಣಿತವಾ? ನಮ್ಮೂರ ಮಣ್ಣು ಮೆಟ್ಟಿದ ಕೋಳಿ ಇದಕ್ಕಿಂತ ಚೆನ್ನಾಗಿ ಕುಣೀತದೆ.

ಮೇಷ್ಟ್ರು: ಆ ಮಾತನ್ನಾಡುವ ಅಧಿಕಾರ ಈ ಊರಿಗಿದೆ. ಜೇಜಮ್ಮನವರಂಥ ಅಭಿನಯ ಕೋವಿದೆಯ ಹೆಸರಿನೊಡನೆ ಬೆಸೆದುಕೊಂಡ ಊರಿದು. ಚಿತ್ರರಂಗದಲ್ಲಿ ಕುಣಿಸಿ ಹೆಸರಾದ ಮೂಗೂರು ಸುಂದರ್ ಈ ಊರನ್ನು ತಮ್ಮ ಹೆಸರಿನಲ್ಲಿಯೇ ಹೊತ್ತರು. ಅವರ ಮಗ ಪ್ರಭುದೇವ ಕಾಲು ಎತ್ತಿದರೆ ದೇಶವೇ ಕತ್ತೆತ್ತಿ ನೋಡಿತು. ಆ ದೃಷ್ಟಿಯಿಂದ ಪರೀಕ್ಷಿಸಿದರೆ ಈ ಮ್ಯಾಟನಲ್ಲಿ ಅಡವೂ ಇಲ್ಲ, ತಾಳವೂ ಇಲ್ಲ, ಅಭಿನಯವೂ ಇಲ್ಲ. ಆದರೂ ನಾನು ಇವನನ್ನು ಕ್ಷಮಿಸುತ್ತೇನೆ. ಏಕೆಂದರೆ ಮೊದಮೊದಲು ಒಬ್ಬನೇ ಕುಣಿಯುತ್ತಿದ್ದವನು, ಹೋಗುತ್ತ ಹೋಗುತ್ತ ಆಯಾ ಊರಿನ ಮಕ್ಕಳು ಮುದುಕರು ಓಡಿ ಬಂದು ಸುತ್ತಲೂ ಕುಣಿಯುವುದಕ್ಕೆ ಎಡೆಕೊಟ್ಟು, ಇವನೆಲ್ಲಿದ್ದಾನೆಂದು ನಾವು ಹುಡುಕಬೇಕಾಗುವಷ್ಟು ಅವರ ನಡುವೆ ಕರಗಿಹೋಗುತ್ತಾನೆ. ಬೆನ್ನು ಹಾಕಿದ್ದಕ್ಕೆ ಅದಕ್ಕಿಂತ ದೊಡ್ಡ ಪ್ರಾಯಶ್ಚಿತ್ತವಿಲ್ಲ. ಇರಲಿ, ನೀನು ಏನು ಮಾಡಿದ್ದೀಯೆ, ಅದನ್ನು ತೋರಿಸು.

ಮಂಜು: ತಲಕಾಡಿನದು ಒಂದು ಮಾಡಿದ್ದೀನಿ ಸಾರ್. ‘ಶಾಪಗ್ರಸ್ತ ತಲಕಾಡು! ರಾತ್ರಿ ಮರಳಿನಡಿ ಕೇಳಿಸಿದ್ದೇನು?’ ಅಂತ ಹೆಸರು.

ಮೇಷ್ಟ್ರು: ಏನು ಕೇಳಿಸಿತಪ್ಪ?

ಮಂಜು: ... ಗಾಳಿ, ಸಾರ್.

ಪುಟ್ಟಸ್ವಾಮಿ: ಗಾಳಿ ಅಂತ ಮೊದಲೇ ಬರೆದುಬಿಟ್ಟರೆ ಯಾರು ನೋಡ್ತಾರೆ?

ಮೇಷ್ಟ್ರು: ಅಯ್ಯಾ, ಸತ್ಯವು ಕಿವಿಯ ಬಳಿಗೆ ಬಂದು ಊದಿದರೂ ನಿನಗೆ ತಿಳಿಯದೆ ಹೋಯಿತಲ್ಲ! 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣವನ್ನು ವಶಪಡಿಸಿಕೊಂಡ ಸಂದರ್ಭಕ್ಕೆ ಹೆಣೆದುಕೊಂಡಿರುವ ಅಲಮೇಲಮ್ಮನ ಶಾಪದ ಕಥೆಯನ್ನು ನಮ್ಮ ಸೀಮೆಯ ಪ್ರತಿಯೊಂದು ಮಗುವೂ ಬಲ್ಲದು. ಗಂಗರ ರಾಜಧಾನಿಯಾಗಿದ್ದ ತಲಕಾಡನ್ನು ಮರಳು ನುಂಗಿದ್ದಕ್ಕೆ ವಿದ್ವಾಂಸರು ಕೊಡುವ ಕಾರಣವಾದರೋ ಬೇರೆ. ಹದಿನಾಲ್ಕನೆಯ ಶತಮಾನದಲ್ಲಿ ಮಾಧವಮಂತ್ರಿಯು ಕಾವೇರಿಗೆ ಅಣೆಯನ್ನು ಕಟ್ಟಿಸಿದ ಮೇಲೆ ನದಿಯ ಪಾತ್ರದಲ್ಲಿ ನೀರು ತಗ್ಗಿ ಮರಳು ಬಯಲಾಯಿತು. ಹಾಗೆ ಬಯಲಾದ ಮರಳನ್ನು ವರ್ಷವರ್ಷವೂ ಬೀಸುವ ಗಾಳಿಯು ಹೊತ್ತು ತಂದು ಗುಡಿಗಳ ಮೇಲೆ ಸುರಿಯಿತು. ಅಂದ ಮೇಲೆ ಆ ರಾತ್ರಿ ನಿನಗೆ ಕೇಳಿಸಿದ್ದು ಸಾಕ್ಷಾತ್ ಆರೋಪಿಯ ಧ್ವನಿ! ನೀನು ಮಾತ್ರ ಅವನಿಗೆ ಬೆನ್ನು ಹಾಕಿ, ದೆವ್ವ ಬರಲಿಲ್ಲವಲ್ಲ ಎಂದು ಮುಖ ಸಪ್ಪಗೆ ಮಾಡಿಕೊಂಡು ಹಿಂತಿರುಗಿದೆ.

ಮಂಜು: ಸೋಮನಾಥಪುರದ್ದೂ ಒಂದಿದೆ ಸಾರ್. ಅದರಲ್ಲಿ ಶಾಪ ಗೀಪ ಇಲ್ಲ.

ಮೇಷ್ಟ್ರು: ಎಲ್ಲಿ? ... ಹೂಂ. ನಿನ್ನ ಎಡಗಿವಿಯ ಪಕ್ಕದಲ್ಲಿ ಒಂದು ಚೂರು ಕಲ್ಲು ಕಾಣಿಸುತ್ತಿದೆಯಲ್ಲ, ಅದೇ ಕೇಶವ ದೇವಾಲಯವೋ? 2023ರಲ್ಲಿ ಯುನೆಸ್ಕೊದವರು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದ್ದು ನಿನ್ನ ಕಿವಿಯನ್ನಲ್ಲವಷ್ಟೆ? ಆ ಗುಡಿಯ ಹೊರಗೋಡೆಯ ಬಳಿ ಮಂಡಿಯೂರಿ ಕುಳಿತು, ವಿಗ್ರಹಗಳ ಪಾದದ ಕೆಳಗಿನ ಪೀಠವನ್ನು ಎಂದಾದರೂ ನೋಡಿದ್ದೀಯಾ?

ಮಂಜು: ಇಲ್ಲ ಸಾರ್. ಅಷ್ಟು ಕೆಳಗೆ ಕೋಲು ಹೋಗಲ್ಲ.

ಮೇಷ್ಟ್ರು: ಅಲ್ಲಿ ಹಲವು ವಿಗ್ರಹಗಳ ಕೆಳಗೆ ಮಲ್ಲಿತಮ್ಮ ಎಂದು ಹಳಗನ್ನಡದ ಅಕ್ಷರಗಳಲ್ಲಿ ಕೊರೆದಿದೆ. ಹದಿಮೂರನೆಯ ಶತಮಾನದ ರೂವಾರಿ ಅವನು. ಸರದ ಒಂದೊಂದು ಮಣಿಯನ್ನೂ, ಕಿರೀಟದ ಒಂದೊಂದು ಎಳೆಯನ್ನೂ ಬಿಡಿಸಿ ಕೆತ್ತಿದ ಅಂಥವನಿಗೆ ತಾನೂ ಇಲ್ಲಿದ್ದೆನೆಂದು ಹೇಳಿಕೊಳ್ಳುವ ಆಸೆ ಇರಲಿಲ್ಲವೆಂದಲ್ಲ; ಇತ್ತು. ಆದರೆ ಆ ಆಸೆಯನ್ನು ಅವನು ಇಟ್ಟದ್ದು ದೇವರ ಪಾದದ ಕೆಳಗೆ, ಬೆರಳಗಲದ ಜಾಗದಲ್ಲಿ. ನೀನು ಇಟ್ಟದ್ದು ದೇವರ ಮುಖದ ಮೇಲೆ.

ಮಂಜು: ಒಂದು ಮಾತು ಕೇಳಲಾ ಸಾರ್? ಬೇಜಾರು ಮಾಡ್ಕೋಬೇಡಿ. ಗೊರೂರರು ಅಮೆರಿಕಕ್ಕೆ ಹೋಗಿ ಬಂದು ಪುಸ್ತಕ ಬರೆದರು ಅಂತ ನೀವೇ ಶಾಲೆಯಲ್ಲಿ ಹೇಳಿದ್ದಿರಿ. ಅದರ ಹೆಸರೇ ‘ಅಮೆರಿಕಾದಲ್ಲಿ ಗೊರೂರು’! ಹೆಸರಿನಲ್ಲೇ ಅವರ ಮುಖ ಇದೆಯಲ್ಲ ಸಾರ್? ಅದಕ್ಕೆ 1980ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಬಹುಮಾನ ಬಂತು. ನನಗೆ ಮಾತ್ರ ಬೈಗಳ.

(ಮೇಷ್ಟ್ರು ಕನ್ನಡಕವನ್ನು ತೆಗೆದು, ಪಂಚೆಯ ಅಂಚಿನಿಂದ ಒರೆಸಿ, ಮತ್ತೆ ಹಾಕಿಕೊಂಡರು. ಗೌರಮ್ಮನವರು ಅವರೆಕಾಯಿ ಸುಲಿಯುವುದನ್ನು ನಿಲ್ಲಿಸಿ ಪರಮಾನಂದದಿಂದ ಪತಿಯ ಮುಖವನ್ನೇ ನೋಡಿದರು.)

ಪುಟ್ಟಸ್ವಾಮಿ: ಮೇಷ್ಟ್ರೇ, ನೀವು ಕಲಿಸಿದ ಪಾಠ ನಿಮಗೇ ಒಪ್ಪಿಸ್ತಾವ್ನೆ.

ಮೇಷ್ಟ್ರು: ಆಕ್ಷೇಪವು ಸಮಂಜಸವಾಗಿದೆ, ಆದುದರಿಂದ ಉತ್ತರವೂ ಸಮಂಜಸವಾಗಿರಬೇಕು. ಗೊರೂರರು ತಮ್ಮನ್ನು ಪುಸ್ತಕದೊಳಕ್ಕೆ ಕರೆತಂದರು, ನಿಜ. ಆದರೆ ತಾವು ಪೇಚಿಗೆ ಸಿಕ್ಕಿದಾಗ, ತಮಗೆ ಏನೊಂದೂ ತಿಳಿಯದೆ ಹೋದಾಗ, ನಾವು ನಗಲೆಂದು ಕರೆತಂದರು. ಅವರನ್ನು ನೋಡಿ ನಗುತ್ತ ನಗುತ್ತ ನಾವು ಅಮೆರಿಕವನ್ನು ನೋಡಿಬಿಡುತ್ತೇವೆ. ನಿನ್ನ ಮುಖವು ಕಿಟಕಿಯಾಗಿದ್ದರೆ ನನ್ನ ಅಭ್ಯಂತರವಿಲ್ಲ; ಅದು ಬಾಗಿಲಿಗೆ ಹಾಕಿದ ಅಗುಳಿಯಾಗಬಾರದು, ಅಷ್ಟೆ.

ಗೌರಮ್ಮ: ಸಾಕು, ಹುಡುಗ ಬಂದ ಕೆಲಸ ಹೇಳಿ. ಜಾತ್ರೆಯ ವಿಡಿಯೊ ಮಾಡಬಹುದೋ ಬೇಡವೋ?

ಮೇಷ್ಟ್ರು: ಧಾರಾಳವಾಗಿ ಮಾಡಲಿ. ಅಮ್ಮನವರನ್ನು ತೋರಿಸಲಿ, ಬಂಡಿಗಳನ್ನು ತೋರಿಸಲಿ, ಅವನ್ನು ಎಳೆಯುವವರ ಭುಜವನ್ನೂ, ಅವರ ಹಿಂದೆ ಧೂಳಿನಲ್ಲಿ ಓಡುವ ಮಕ್ಕಳನ್ನೂ, ಬೆಂಡು ಬತ್ತಾಸಿನ ಅಂಗಡಿಯಲ್ಲಿ ತೂಕಕ್ಕಾಗಿ ಜಗಳವಾಡುವ ಹೆಂಗಸರನ್ನೂ ತೋರಿಸಲಿ. ತನ್ನ ಮುಖವನ್ನೂ ತೋರಿಸಲಿ, ಆದರೆ ಕಟ್ಟಕಡೆಯಲ್ಲಿ, ಮಲ್ಲಿತಮ್ಮನ ಹೆಸರಿರುವ ಜಾಗದಲ್ಲಿ. ಎಷ್ಟು ಹೊತ್ತು ಎಂಬುದಕ್ಕೆ ಆದಿಪುರುಷನೇ ಪ್ರಮಾಣವನ್ನು ಹಾಕಿಕೊಟ್ಟಿದ್ದಾನೆ: 19 ಸೆಕೆಂಡು. ಅಷ್ಟರಲ್ಲಿ ಏನು ಬೇಕಾದರೂ ಹೇಳಿಕೊಳ್ಳಲಿ, ನನ್ನ ತಕರಾರಿಲ್ಲ.

ಗೌರಮ್ಮ: ಏನು ಬೇಕಾದರೂ ಅಲ್ಲ ಮಗು. ಆ 19 ಸೆಕೆಂಡಿನಲ್ಲಿ ಊಟ ಆಯಿತೋ ಇಲ್ಲವೋ, ಅದನ್ನು ಹೇಳು.