ಹದಿಮೂರರ ಹೊಸ್ತಿಲು

ನಮ್ಮ ಪುಟ್ಟನಿಗೆ 12 ತುಂಬಿ ಎರಡು ತಿಂಗಳಾಯಿತು. ಬಸ್ಸು ಹತ್ತಿದರೆ ಮಾತ್ರ 11. ಅರ್ಧ ಟಿಕೆಟ್ಟಿನ ಆಸೆಗೆ ಕಂಡಕ್ಟರಿಗೆ ಹಾಗೆ ಹೇಳುವುದು ನನ್ನದೇ ರೂಢಿ. ಮೊನ್ನೆ ಜಿಮೇಲ್ ಖಾತೆ ತೆರೆಯಲು ಕೂತವನು ಹುಟ್ಟಿದ ವರ್ಷ 1947 ಎಂದು ಒತ್ತಿದ.

“ಏನೋ ಇದು?”

“13 ಆಗಿರಬೇಕಂತೆ ಅಪ್ಪ. ಸ್ವಾತಂತ್ರ್ಯ ಬಂದ ವರ್ಷ ನೆನಪಿತ್ತು, ಹಾಕಿದೆ.”

ಈ 13ರ ಗೆರೆ ಎಳೆದದ್ದು ಅಮೆರಿಕ. ಅದಕ್ಕಿಂತ ಚಿಕ್ಕವರ ವಿವರ ಪಡೆಯಲು ಹೆತ್ತವರ ಒಪ್ಪಿಗೆ ಬೇಕೆಂದು 1998ರಲ್ಲೇ ಅಲ್ಲಿ ಕಾನೂನಾಯಿತು. ನಮ್ಮ 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯ ಲೆಕ್ಕದಲ್ಲಂತೂ 18 ತುಂಬುವವರೆಗೂ ಮಗುವೇ! ಮೀಸೆ ಚಿಗುರಿದ ಮಗುವಿಗೂ ಅಪ್ಪ ಅಮ್ಮನ ಒಪ್ಪಿಗೆ ಬೇಕು.

“ಸುಳ್ಳು ಹೇಳ್ತೀಯೇನೋ?” ಎಂದು ಗದರಿದೆ. ಅವರೆಕಾಯಿ ಸುಲಿಯುತ್ತಿದ್ದ ಅಮ್ಮ ತಲೆ ಎತ್ತದೆ ಹೇಳಿದಳು: “ನಿನ್ನನ್ನ ಸ್ಕೂಲಿಗೆ ಸೇರಿಸುವಾಗ ಮೇಷ್ಟ್ರು ಜೂನ್ 1 ಅಂತ ಬರೆದುಕೊಂಡರು. ನೀನು ಹುಟ್ಟಿದ್ದು ದೀಪಾವಳಿಗೆ ಕಣೋ!”

ಬಾಯಿ ಮುಚ್ಚಿಕೊಂಡು, ನನ್ನ ಉಸ್ತುವಾರಿಯಲ್ಲೇ ಅವನಿಗೊಂದು ಮಕ್ಕಳ ಖಾತೆ ತೆರೆದುಕೊಟ್ಟೆ. ಹೇಗೆ ತೆರೆಯುವುದೆಂದು ಹೇಳಿಕೊಟ್ಟವನು ಮಾತ್ರ ಅವನೇ.